ಅಂಕಪಟ್ಟಿಯನ್ನು ಓದಬೇಕಾದವರು ಯಾರು?

ಭಾನುವಾರದ ಬಲಿಪೂಜೆ ಮುಗಿದು ಜನರು ಮನೆಗೆ ಹೊರಟಿದ್ದ ಹೊತ್ತು. ದೇವಾಲಯದ ಅಂಗಳದಲ್ಲಿ ತಾಯಿಯೊಬ್ಬರು ನನ್ನನ್ನು ತಡೆದು ನಿಲ್ಲಿಸಿ, "ಫಾದರ್, ಮಗನ ಅಂಕಗಳನ್ನು ಅವನಿಗೆ ತಿಳಿಯದಂತೆ ನೋಡುವುದು ತಪ್ಪೇ?" ಎಂದು ಕೇಳಿದರು. ಹೆತ್ತ ತಾಯಿ ಮಗನ ಅಂಕ ನೋಡುವುದರಲ್ಲಿ ತಪ್ಪೇನು ಬಂತು ಎಂದು ಹೇಳಿ ನಾನು ನಡೆದುಬಿಡಬಹುದಿತ್ತು. ಆದರೆ ಅವರ ಮುಖದಲ್ಲಿದ್ದ ದುಗುಡ ನನ್ನನ್ನು ಅಲ್ಲಿಯೇ ನಿಲ್ಲಿಸಿತು.

ನಡೆದದ್ದು ಇಷ್ಟು. ಮಗ ಎಂಟನೆಯ ತರಗತಿಯಲ್ಲಿ ಓದುತ್ತಿದ್ದಾನೆ. ಅವನ ಶಾಲೆಯಲ್ಲಿ ಕಿರುಪರೀಕ್ಷೆಯ ಅಂಕಗಳು ಹೆತ್ತವರ ಮೊಬೈಲಿಗೆ ನೇರವಾಗಿ ಬರುತ್ತವೆ. ಒಂದು ಸೋಮವಾರ ಮಧ್ಯಾಹ್ನ, ಗಣಿತದಲ್ಲಿ 25ಕ್ಕೆ 9 ಎಂಬ ಸಂದೇಶ ಬಂತು. ಸಂಜೆ ಮಗ ಮನೆಗೆ ಬಂದಾಗ ತಾಯಿ ಏನೂ ಅರಿಯದವರಂತೆ, "ಗಣಿತದ ಪೇಪರ್ ಕೊಟ್ಟರಾ?" ಎಂದು ಕೇಳಿದರು. "ಇನ್ನೂ ಇಲ್ಲಮ್ಮ" ಎಂದ. ಮಂಗಳವಾರವೂ ಅದೇ ಪ್ರಶ್ನೆ, ಅದೇ ಉತ್ತರ. ಬುಧವಾರ, "ಸರ್ ರಜೆಯಲ್ಲಿದ್ದಾರೆ" ಎಂದ. ಗುರುವಾರ ತಾಯಿ ಮೊಬೈಲನ್ನು ಅವನ ಮುಂದೆ ಹಿಡಿದರು. ಹುಡುಗನ ಮುಖ ಕಪ್ಪಿಟ್ಟಿತು. ಸ್ವಲ್ಪ ಹೊತ್ತಿನ ಮೇಲೆ ಅವನು ಕೇಳಿದ್ದು ಒಂದೇ ಮಾತು: "ನಿನಗೆ ಮೊದಲೇ ಗೊತ್ತಿತ್ತಲ್ಲಮ್ಮ. ಮತ್ತೆ ಯಾಕೆ ಕೇಳಿದೆ?"

"ಅವನು ಮೂರು ಸಲ ಸುಳ್ಳು ಹೇಳಿದ ಫಾದರ್. ಆದರೆ ಅವನ ಆ ಒಂದು ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇಲ್ಲ" ಎಂದರು ಆ ತಾಯಿ. ಅವರ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ. ಏಕೆಂದರೆ ಇದು ಒಬ್ಬರ ಮನೆಯ ಪ್ರಶ್ನೆಯಲ್ಲ.

ಮೊದಲಿಗೆ ಒಂದು ಮಾತನ್ನು ಸ್ಪಷ್ಟಪಡಿಸಬೇಕು. ಮಕ್ಕಳ ಕಲಿಕೆ ಹೇಗಿದೆ ಎಂದು ತಿಳಿದುಕೊಳ್ಳುವುದು ಹೆತ್ತವರ ಹಕ್ಕು ಮಾತ್ರವಲ್ಲ, ಕರ್ತವ್ಯವೂ ಹೌದು. "ನನ್ನ ಮಗನ ಮೇಲೆ ನನಗೆ ನಂಬಿಕೆಯಿದೆ, ನಾನು ಅವನ ಪುಸ್ತಕ ಮುಟ್ಟುವುದಿಲ್ಲ" ಎಂದು ಹೆಮ್ಮೆಯಿಂದ ಹೇಳುವ ತಂದೆಯರನ್ನು ನಾನು ಕಂಡಿದ್ದೇನೆ. ಅವರಲ್ಲಿ ಕೆಲವರಿಗೆ ಮಗ ಯಾವ ವಿಭಾಗದಲ್ಲಿ ಓದುತ್ತಿದ್ದಾನೆ ಎಂಬುದೂ ತಿಳಿದಿರಲಿಲ್ಲ. ನಂಬಿಕೆ ಎಂಬುದು ಕೆಲವೊಮ್ಮೆ ಸೋಮಾರಿತನಕ್ಕೆ ನಾವು ತೊಡಿಸುವ ಒಳ್ಳೆಯ ಬಟ್ಟೆ. ಕಲಿಕೆಯಲ್ಲಿ ಹಿಂದೆ ಬಿದ್ದ ಮಗುವನ್ನು ಯಾರೂ ಗಮನಿಸದೆ ಬಿಟ್ಟರೆ, ಅದು ತನ್ನನ್ನು ದಡ್ಡನೆಂದು ತಾನೇ ತೀರ್ಮಾನಿಸಿಕೊಳ್ಳುತ್ತದೆ.

ನಮ್ಮ ದೇಶದ ಕಾನೂನು ಕೂಡ ಈ ಮಾತನ್ನು ಒಪ್ಪಿದೆ. 2009ರ ಶಿಕ್ಷಣ ಹಕ್ಕು ಕಾಯಿದೆಯ 24ನೆಯ ಸೆಕ್ಷನ್ ಶಿಕ್ಷಕರ ಕರ್ತವ್ಯಗಳನ್ನು ಹೇಳುವಾಗ, ಹೆತ್ತವರೊಡನೆ ನಿಯಮಿತವಾಗಿ ಸಭೆ ನಡೆಸಿ, ಮಗುವಿನ ಹಾಜರಾತಿ, ಕಲಿಯುವ ಸಾಮರ್ಥ್ಯ, ಕಲಿಕೆಯ ಪ್ರಗತಿ ಇವುಗಳನ್ನು ತಿಳಿಸಬೇಕೆಂದು ವಿಧಿಸುತ್ತದೆ. ಸರ್ಕಾರಿ ಶಾಲೆಗಳಲ್ಲಿ 'ಸಮುದಾಯದತ್ತ ಶಾಲೆ' ಎಂಬ ಹೆಸರಿನಲ್ಲಿ ಹೆತ್ತವರನ್ನು ಕರೆದು ಮಕ್ಕಳ ಕಲಿಕೆಯನ್ನು ಅವರ ಮುಂದಿಡುವ ಕಾರ್ಯಕ್ರಮ ನಡೆದುಬಂದಿದೆ. ಶಿಕ್ಷಣ ಹಕ್ಕು ಕಾಯಿದೆ ಅಲ್ಪಸಂಖ್ಯಾತ ಸಂಸ್ಥೆಗಳಿಗೆ ಅನ್ವಯಿಸುವುದಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2014ರಲ್ಲಿ ತೀರ್ಪು ನೀಡಿತು. ಆದರೆ ಕಾಯಿದೆ ನಮ್ಮನ್ನು ಬಿಟ್ಟ ಮಾತ್ರಕ್ಕೆ ಕರ್ತವ್ಯ ನಮ್ಮನ್ನು ಬಿಡುವುದಿಲ್ಲ. ಕೆಲಸದ ದಿನ ಬೆಳಿಗ್ಗೆ ಹತ್ತು ಗಂಟೆಗೆ ಪಾಲಕರ ಸಭೆ ಕರೆದು, ದಿನಗೂಲಿ ಕಳೆದುಕೊಂಡು ಬಂದ ತಾಯಿಯ ಮುಂದೆ ಅವರಿಗೆ ಬಾರದ ಇಂಗ್ಲಿಷಿನಲ್ಲಿ ಮಾತನಾಡಿ ಕಳುಹಿಸುವ ಶಾಲೆಗಳು ನಮ್ಮ ನಡುವೆಯೂ ಇವೆ. ಈ ಮಾತನ್ನು ನಾನು ಮೊದಲು ನನಗೇ ಹೇಳಿಕೊಳ್ಳುತ್ತಿದ್ದೇನೆ.

ಹಾಗಾದರೆ, ನೋಡುವುದು ಸರಿಯೆಂದ ಮೇಲೆ ಆ ತಾಯಿ ಎಡವಿದ್ದು ಎಲ್ಲಿ? ಇದಕ್ಕೆ ಉತ್ತರ ಹುಡುಕುವಾಗ ನನಗೆ ನೆನಪಾದದ್ದು ನನ್ನದೇ ಬಾಲ್ಯದ ಒಂದು ಘಟನೆ. ಇದನ್ನು ಇಷ್ಟು ವರ್ಷ ಯಾರಿಗೂ ಹೇಳಿರಲಿಲ್ಲ.

ನನ್ನ ತಂದೆ ಚಿಕ್ಕಮಗಳೂರು ಜಿಲ್ಲೆಯ ಕಾಫಿ ತೋಟವೊಂದರಲ್ಲಿ ಕೂಲಿಯಾಗಿದ್ದರು. ನಮ್ಮದು ತೋಟದ ಲೈನು ಮನೆ. ಅಪ್ಪನಿಗಾಗಲಿ ಅಮ್ಮನಿಗಾಗಲಿ ಅಕ್ಷರ ಬರುತ್ತಿರಲಿಲ್ಲ. ನಾನು ಏಳನೆಯ ತರಗತಿಯಲ್ಲಿದ್ದಾಗ ಅರ್ಧವಾರ್ಷಿಕ ಪರೀಕ್ಷೆಯಲ್ಲಿ ಗಣಿತ ಮತ್ತು ಇಂಗ್ಲಿಷ್ ಎರಡರಲ್ಲಿಯೂ ಅನುತ್ತೀರ್ಣನಾದೆ. ಪ್ರಗತಿ ಪತ್ರದಲ್ಲಿ ಆ ಎರಡು ಅಂಕಗಳ ಕೆಳಗೆ ಮೇಷ್ಟ್ರು ಕೆಂಪು ಶಾಯಿಯಲ್ಲಿ ಗೆರೆ ಎಳೆದಿದ್ದರು. ಅಪ್ಪ ಆ ಗೆರೆಗಳನ್ನು ತೋರಿಸಿ, ಇದೇನು ಎಂದು ಕೇಳಿದರು. ಚೆನ್ನಾಗಿ ಬರೆದದ್ದಕ್ಕೆ ಹಾಗೆ ಗೆರೆ ಎಳೆಯುತ್ತಾರೆ ಎಂದೆ. ಅಪ್ಪ ಸಂತೋಷದಿಂದ ಹೆಬ್ಬೆಟ್ಟು ಒತ್ತಿದರು.

ಕತೆ ಅಲ್ಲಿಗೆ ಮುಗಿಯಲಿಲ್ಲ. ಶನಿವಾರ ಬಟವಾಡೆಯ ದಿನ ಅಪ್ಪ ಆ ಪತ್ರವನ್ನು ಜೇಬಿನಲ್ಲಿಟ್ಟುಕೊಂಡು ಹೋಗಿ ತೋಟದ ರೈಟರಿಗೆ ತೋರಿಸಿದರು. ರೈಟರ್ ಒಳ್ಳೆಯವರು. ಎಲ್ಲರೆದುರು ಏನೂ ಹೇಳದೆ, ಅಪ್ಪನನ್ನು ಪಕ್ಕಕ್ಕೆ ಕರೆದು ಆ ಗೆರೆಗಳ ಅರ್ಥವನ್ನು ತಿಳಿಸಿದರಂತೆ. ಅಂದು ಸಂಜೆ ಅಪ್ಪ ಮನೆಗೆ ಬಂದ ರೀತಿಯಲ್ಲೇ ನನಗೆ ವಿಷಯ ಗೊತ್ತಾಯಿತು. ಏಟು ಬೀಳುತ್ತದೆಂದು ಕಾಯುತ್ತಿದ್ದೆ. ಜಪಸರ, ಊಟ ಎಲ್ಲ ಮುಗಿದ ಮೇಲೆ ಅಪ್ಪ ಸೀಮೆಎಣ್ಣೆ ದೀಪವನ್ನು ಹತ್ತಿರಕ್ಕೆ ಎಳೆದುಕೊಂಡು, ಪತ್ರವನ್ನು ನನ್ನ ಕೈಗೆ ಕೊಟ್ಟರು. "ರೈಟರ್ ಎಲ್ಲಾ ಹೇಳಿದ್ರು. ಆದ್ರೂ ಇದನ್ನ ನೀನೇ ಓದಿ ಹೇಳು ಮಗ. ನಂಗೆ ಅಕ್ಷರ ಬರಲ್ಲ. ನಿನ್ನ ಕಣ್ಣಲ್ಲೇ ನಾನು ನೋಡ್ಬೇಕು" ಎಂದರು.

ನಾನು ಓದಿದೆ. ಕನ್ನಡದಿಂದ ಆರಂಭಿಸಿ ಒಂದೊಂದೇ ವಿಷಯ. ಗಣಿತಕ್ಕೆ ಬಂದಾಗ ದನಿ ಹೊರಡಲಿಲ್ಲ. ಅಪ್ಪ ಅವಸರಪಡಿಸಲಿಲ್ಲ. ಕೊನೆಗೆ ಓದಿದೆ. "ಲೆಕ್ಕದಲ್ಲಿ ಯಾವುದು ಬರಲ್ಲ?" ಎಂದು ಕೇಳಿದರು. ಭಿನ್ನರಾಶಿ ಎಂದೆ. ಆ ಪದ ಅವರಿಗೆ ತಿಳಿಯದು. ಆದರೂ ಸೋಮವಾರ ಅರ್ಧ ದಿನದ ಕೂಲಿ ಬಿಟ್ಟು ಶಾಲೆಗೆ ಬಂದು, ಮೇಷ್ಟ್ರ ಮುಂದೆ ಕೈಕಟ್ಟಿ ನಿಂತು, "ಹುಡುಗನಿಗೆ ಬಿನ್ನರಾಸಿ ಬರಲ್ವಂತೆ ಸಾರ್" ಎಂದರು.

ಅಪ್ಪ ತಿಳಿದೂ ಕೇಳಿದರು. ಆ ತಾಯಿಯೂ ತಿಳಿದೇ ಕೇಳಿದರು. ಆದರೆ ತನಗೆ ಎಲ್ಲವೂ ತಿಳಿದಿದೆ ಎಂಬುದನ್ನು ಅಪ್ಪ ಮೊದಲೇ ಹೇಳಿಬಿಟ್ಟರು. ಅವರ ಪ್ರಶ್ನೆಯಲ್ಲಿ ನನಗೆ ನಿಜ ಹೇಳಲು ದಾರಿಯಿತ್ತು. ತಾಯಿಯ ಪ್ರಶ್ನೆಯಲ್ಲಿ ಮಗನಿಗೆ ಇದ್ದದ್ದು ಬೋನು. ಇಲಿಗೆ ತಿಂಡಿ ಇಟ್ಟವರು ಇಲಿಯ ಹಸಿವನ್ನು ವಿಚಾರಿಸುತ್ತಿದ್ದೇವೆ ಎನ್ನಲಾದೀತೇ? ಗೊತ್ತಿರುವುದನ್ನು ಗೊತ್ತಿಲ್ಲದವರಂತೆ ಕೇಳುವುದೂ ಒಂದು ಬಗೆಯ ಸುಳ್ಳು. ಆ ಮನೆಯಲ್ಲಿ ಮೂರು ದಿನ ಮಗ ಹೇಳಿದಷ್ಟೇ ಸುಳ್ಳನ್ನು ತಾಯಿಯೂ ಹೇಳಿದ್ದರು. ಮಗನ ಪ್ರಶ್ನೆ ಅವರ ಮನಸ್ಸನ್ನು ಚುಚ್ಚಿದ್ದು ಅದಕ್ಕೇ.

ಮಗು ಸುಳ್ಳು ಹೇಳುವುದು ಬಹುಮಟ್ಟಿಗೆ ಭಯದಿಂದ. ಸಂತ ಅಗಸ್ಟೀನರು ಸುಮಾರು 397 ಮತ್ತು 400ರ ನಡುವೆ ಬರೆದ ತಮ್ಮ ಆತ್ಮನಿವೇದನೆಯ ಮೊದಲ ಭಾಗದಲ್ಲಿ ಶಾಲಾ ದಿನಗಳನ್ನು ನೆನೆಯುತ್ತಾರೆ. ಶಾಲೆಯಲ್ಲಿ ಏಟು ಬೀಳದಿರಲಿ ಎಂದು ಆ ಪುಟ್ಟ ಹುಡುಗ ದೇವರಲ್ಲಿ ಬೇಡಿಕೊಳ್ಳುತ್ತಿದ್ದನಂತೆ. ಹಿರಿಯರು, ತನಗೆ ಕೇಡನ್ನು ಬಯಸದ ಹೆತ್ತವರು ಸಹ, ತನ್ನ ಏಟುಗಳನ್ನು ಕಂಡು ನಗುತ್ತಿದ್ದರೆಂದು ಅವರು ಬರೆಯುತ್ತಾರೆ. ಆ ನಗು ಅವರಿಗೆ ನಡುವಯಸ್ಸಿನಲ್ಲಿಯೂ ಮರೆತಿರಲಿಲ್ಲ. ದೊಡ್ಡವರಿಗೆ 9 ಎಂಬುದು ಒಂದು ಅಂಕಿ. ಅದನ್ನು ಚೀಲದಲ್ಲಿಟ್ಟುಕೊಂಡು ಮನೆಗೆ ನಡೆದುಬರುವ ಮಗುವಿಗೆ ಆ ದಾರಿ ಎಷ್ಟು ಉದ್ದವೆಂಬುದನ್ನು ನಾವು ಮರೆತಿರುತ್ತೇವೆ.

ಅಂಕ ಯಾರದ್ದು ಎಂಬುದನ್ನೂ ಇಲ್ಲಿ ಕೇಳಿಕೊಳ್ಳಬೇಕು. ಶುಲ್ಕ ಕಟ್ಟಿದವರು ನಾವು, ಆದ್ದರಿಂದ ಅಂಕವೂ ನಮ್ಮದು ಎಂಬ ಭಾವನೆ ಅನೇಕ ಮನೆಗಳಲ್ಲಿದೆ. 2011ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಮಾಹಿತಿ ಹಕ್ಕು ಕಾಯಿದೆಯಡಿ ಮೌಲ್ಯಮಾಪನವಾದ ಉತ್ತರ ಪತ್ರಿಕೆಯನ್ನು ನೋಡುವ ಹಕ್ಕಿದೆಯೆಂದು ಹೇಳಿತು. ಆ ಹಕ್ಕನ್ನು ಅದು ಗುರುತಿಸಿದ್ದು ಪರೀಕ್ಷೆ ಬರೆದವನಿಗೆ. ಕಾನೂನಿನ ಈ ಮಾತಿನಲ್ಲಿ ಒಂದು ನೈತಿಕ ವಿವೇಕವೂ ಇದೆ. ಉತ್ತರ ಬರೆದ ಕೈ ಮಗುವಿನದು. ಅದರ ಫಲವನ್ನು ಮೊದಲು ತಿಳಿಯುವ ಗೌರವವೂ ಮಗುವಿಗೇ ಸಲ್ಲಬೇಕು. ಎಸ್‌.ಎಸ್‌.ಎಲ್‌.ಸಿ. ಫಲಿತಾಂಶದ ದಿನ ನಮ್ಮಲ್ಲಿ ಏನಾಗುತ್ತದೆ ನೋಡಿ. ನೋಂದಣಿ ಸಂಖ್ಯೆ, ಜನ್ಮದಿನಾಂಕ ಇವೆರಡನ್ನು ಬಲ್ಲ ಯಾರಾದರೂ ಫಲಿತಾಂಶವನ್ನು ನೋಡಬಹುದು. ಬೆಂಗಳೂರಿನಲ್ಲಿರುವ ಚಿಕ್ಕಪ್ಪ ಮೊದಲು ನೋಡುತ್ತಾರೆ, ಕುಟುಂಬದ ವಾಟ್ಸ್ಆ್ಯಪ್ ಗುಂಪಿಗೆ ಹಾಕುತ್ತಾರೆ. ಹತ್ತು ವರ್ಷ ಶಾಲೆಗೆ ನಡೆದ ಹುಡುಗಿ ತನ್ನ ಫಲಿತಾಂಶವನ್ನು ಎಲ್ಲರ ನಂತರ ಕೇಳಿ ತಿಳಿಯುತ್ತಾಳೆ. ಅಂಕ ಹೆಚ್ಚಿದ್ದರೂ ಇದು ನ್ಯಾಯವಲ್ಲ, ಕಡಿಮೆಯಿದ್ದರಂತೂ ಕ್ರೌರ್ಯ.

ಹಾಗೆಂದು ಮೂರನೆಯ ತರಗತಿಯ ಮಗುವನ್ನೂ ಹತ್ತನೆಯ ತರಗತಿಯ ಮಗುವನ್ನೂ ಒಂದೇ ರೀತಿ ನಡೆಸಿಕೊಳ್ಳಲಾಗದು. ಸಂತ ತೋಮಸ್ ಅಕ್ವಿನಾಸರು, ವಿವೇಚನೆಯ ವಯಸ್ಸು ಬರುವ ತನಕ ಮಗು ಹೆತ್ತವರ ಆರೈಕೆಯೆಂಬ ಒಂದು ಆಧ್ಯಾತ್ಮಿಕ ಗರ್ಭದಲ್ಲಿ ಇರುತ್ತದೆ ಎನ್ನುತ್ತಾರೆ. ಸ್ವತಂತ್ರವಾಗಿ ತೀರ್ಮಾನಿಸುವ ಶಕ್ತಿ ಬಂದಂತೆ ಅದು ತನಗೆ ತಾನೇ ಸೇರಿದ್ದಾಗಲು ಆರಂಭಿಸುತ್ತದೆ ಎಂಬುದೂ ಅವರ ವಿಚಾರ. ಗುರುಮಠದಲ್ಲಿ ಇದನ್ನು ಓದಿದಾಗ ಒಂದು ತರ್ಕವಾಗಿ ಮಾತ್ರ ಕಂಡಿತ್ತು. ಈಗ ಮನೆಮನೆಗಳಲ್ಲಿ ಅದರ ಅರ್ಥವನ್ನು ಕಾಣುತ್ತಿದ್ದೇನೆ. ಚಿಕ್ಕ ಮಗುವಿನ ಚೀಲವನ್ನು ತಾಯಿ ದಿನವೂ ತೆರೆದು ನೋಡಲಿ, ಅದು ಆರೈಕೆ. ಹನ್ನೆರಡು ಹದಿಮೂರರ ಮಗುವಿನ ಚೀಲವನ್ನು ಅವನ ಜೊತೆ ಕುಳಿತು ತೆರೆಯಬೇಕು. ಹದಿನಾರರ ಮಗಳು ತಾನೇ ತಂದು ತೋರಿಸುವಂತಾಗಬೇಕು. ಆ ಹೊತ್ತಿಗೆ ತೋರಿಸುವ ಅಭ್ಯಾಸ ಬೆಳೆದಿಲ್ಲವಾದರೆ, ತಪ್ಪು ಹದಿನಾರರಲ್ಲಿ ಆದದ್ದಲ್ಲ.

ಇನ್ನು, ನೋಡುವುದಾದರೆ ಏನನ್ನು ನೋಡಬೇಕು? 'ಪರೀಕ್ಷೆ' ಎಂಬ ಸಂಸ್ಕೃತ ಪದದ ಮೂಲಾರ್ಥ ಸುತ್ತಲಿಂದಲೂ ನೋಡುವುದು ಎಂದು. ನಾವಾದರೋ ಒಂದು ಅಂಕಿಯನ್ನು ಮಾತ್ರ ನೋಡಿ ಮಗುವನ್ನೇ ನೋಡಿದೆವೆಂದು ತಿಳಿಯುತ್ತೇವೆ. ನಮ್ಮ ರಾಜ್ಯದ ಶಾಲೆಗಳಲ್ಲಿ ನಿರಂತರ ಮತ್ತು ವ್ಯಾಪಕ ಮೌಲ್ಯಮಾಪನದ ಪದ್ಧತಿ ಬಂದಾಗ, ವರ್ಷಕ್ಕೆ ನಾಲ್ಕು ರೂಪಣಾತ್ಮಕ, ಎರಡು ಸಂಕಲನಾತ್ಮಕ ಮೌಲ್ಯಮಾಪನಗಳು ಬಂದವು. ಅಂಕದ ಜಾಗದಲ್ಲಿ ಶ್ರೇಣಿ ಬಂತು. ಆ ಪದ್ಧತಿಯಲ್ಲಿ 70 ಪಡೆದವನಿಗೂ 'ಎ', 89 ಪಡೆದವನಿಗೂ 'ಎ'. 69 ಪಡೆದವನಿಗೆ 'ಬಿ ಪ್ಲಸ್'. 69ಕ್ಕೂ 70ಕ್ಕೂ ನಡುವಿನ ಒಂದು ಅಂಕಕ್ಕಾಗಿ ಮನೆಯಲ್ಲಿ ಕಣ್ಣೀರು ಹರಿಯುತ್ತದೆ. 89ರಿಂದ 70ಕ್ಕೆ ಇಳಿದದ್ದನ್ನು ಯಾರೂ ಗಮನಿಸುವುದಿಲ್ಲ. ಶ್ರೇಣಿ ಸುಳ್ಳು ಹೇಳುವುದಿಲ್ಲ, ಆದರೆ ಎಲ್ಲವನ್ನೂ ಹೇಳುವುದಿಲ್ಲ.

ಆದ್ದರಿಂದ ಅಂಕಪಟ್ಟಿಗಿಂತ ಉತ್ತರ ಪತ್ರಿಕೆಯನ್ನು ನೋಡಿರಿ ಎಂದು ನಾನು ಹೆತ್ತವರಿಗೆ ಹೇಳುತ್ತೇನೆ. ಲೆಕ್ಕದ ರೀತಿ ಸರಿಯಿದ್ದು ಕೂಡುವಾಗ ತಪ್ಪಿದ್ದಾನೆಯೇ? ಪ್ರಶ್ನೆಯೇ ಅರ್ಥವಾಗಿಲ್ಲವೇ? ಕೊನೆಯ ಎರಡು ಪ್ರಶ್ನೆಗಳನ್ನು ಬರೆಯಲು ಸಮಯ ಸಾಲಲಿಲ್ಲವೇ? ಹಲಗೆಯ ಮೇಲಿನ ಅಂಕಿಗಳನ್ನು ಮತ್ತೆ ಮತ್ತೆ ತಪ್ಪಾಗಿ ಇಳಿಸಿಕೊಂಡಿದ್ದರೆ, ಅವನಿಗೆ ಬೇಕಾದದ್ದು ಟ್ಯೂಷನ್ ಅಲ್ಲ, ಕನ್ನಡಕ ಇರಬಹುದು. ಹಿಂದಿನ ಎರಡು ಮೂರು ಪರೀಕ್ಷೆಗಳ ಪತ್ರಿಕೆಗಳನ್ನು ಪಕ್ಕದಲ್ಲಿಟ್ಟು ನೋಡಿದರೆ, ಏರಿದೆಯೋ ಇಳಿದಿದೆಯೋ ತಿಳಿಯುತ್ತದೆ. ಹೋಲಿಸುವುದಾದರೆ ಮಗುವನ್ನು ಅದರ ನಿನ್ನೆಯೊಡನೆ ಹೋಲಿಸಿ, ಪಕ್ಕದ ಮನೆಯ ಮಗುವಿನೊಡನೆ ಬೇಡ. ಅಂಕ ಕೂಡಿದ್ದರಲ್ಲಿ ತಪ್ಪಿದ್ದರೆ ಶಿಕ್ಷಕರನ್ನು ವಿನಯದಿಂದ ಕೇಳಿ, ಎಸ್‌.ಎಸ್‌.ಎಲ್‌.ಸಿ. ಪರೀಕ್ಷೆಯಲ್ಲಿ ಉತ್ತರ ಪತ್ರಿಕೆಯ ನಕಲು ಪ್ರತಿ ಪಡೆಯುವ, ಮರುಮೌಲ್ಯಮಾಪನ ಕೋರುವ ವ್ಯವಸ್ಥೆ ಇದೆ. ಅನುತ್ತೀರ್ಣರಾದವರಿಗೆ ಅದೇ ವರ್ಷ ಮತ್ತೆ ಬರೆಯುವ ಅವಕಾಶವೂ ಇದೆ. ಈ ಮಾತನ್ನು ಫಲಿತಾಂಶದ ಹಿಂದಿನ ರಾತ್ರಿಯೇ ಮಗುವಿಗೆ ಹೇಳಿಡುವುದು ಒಳ್ಳೆಯದು.

"ಹೇಳಿ ನೋಡಿದರೆ ಮಗ ಮುಚ್ಚಿಡುತ್ತಾನೆ ಫಾದರ್, ಈಗಾಗಲೇ ಹಲವು ಸಲ ಮೋಸ ಮಾಡಿದ್ದಾನೆ" ಎನ್ನುವ ತಂದೆ ತಾಯಿಯರಿದ್ದಾರೆ. ಅವರ ಕಷ್ಟವನ್ನು ನಾನು ಹಗುರವಾಗಿ ಕಾಣುವುದಿಲ್ಲ. ಸಹಿಯನ್ನು ತಾನೇ ಹಾಕಿಕೊಂಡ ಹುಡುಗನನ್ನು ಸುಮ್ಮನೆ ನಂಬಿ ಕೂರಿ ಎಂದು ಹೇಳಲಾರೆ. ಶಾಲೆಗೆ ಹೋಗಿ, ಶಿಕ್ಷಕರನ್ನು ಕಾಣಿರಿ, ಮೊಬೈಲಿನಲ್ಲಿ ಬರುವ ಅಂಕಗಳನ್ನೂ ನೋಡಿರಿ. ಆದರೆ ನೋಡುತ್ತೇವೆಂದು ಅವನಿಗೆ ಹೇಳಿ ನೋಡಿರಿ. "ಈ ಮೂರು ತಿಂಗಳು ನಿನ್ನ ಅಂಕಗಳನ್ನು ಶಾಲೆಯಿಂದ ನೇರವಾಗಿ ತಿಳಿಯುತ್ತೇನೆ. ಆಮೇಲೆ ನೀನೇ ತಂದು ಹೇಳುವಂತಾಗಲಿ" ಎಂದರೆ ಅದು ಶಿಸ್ತು, ಅದಕ್ಕೊಂದು ಕೊನೆಯೂ ಇದೆ. ಕದ್ದು ನೋಡುವುದಕ್ಕೆ ಕೊನೆಯಿಲ್ಲ. ಒಮ್ಮೆ ಆರಂಭಿಸಿದವರು ಮಗುವಿನ ಯಾವ ಮಾತನ್ನೂ ನಂಬಲಾರರು. ಇದಕ್ಕೆ ಒಂದು ಅಪವಾದವುಂಟು. ಮಗು ಊಟ ನಿದ್ರೆ ಬಿಟ್ಟು ಮಂಕಾಗಿದ್ದರೆ, ಬದುಕೇ ಬೇಡವೆಂಬ ಮಾತು ಅದರ ಬಾಯಲ್ಲಿ ಬಂದರೆ, ಆಗ ಅಂಕವೂ ಮುಖ್ಯವಲ್ಲ, ಗುಟ್ಟೂ ಮುಖ್ಯವಲ್ಲ. ಯಾರನ್ನೂ ಕಾಯದೆ ನೆರವು ಪಡೆಯಿರಿ. 2022ರಲ್ಲಿ ಆರಂಭವಾದ ಟೆಲಿ ಮಾನಸ್ ಸಹಾಯವಾಣಿಯ ಸಂಖ್ಯೆ 14416.

ಶುಭಸಂದೇಶದಲ್ಲಿ ಬಾಲಯೇಸುವನ್ನು ಶಿಕ್ಷಕರ ನಡುವೆ ಕಾಣುವ ಸಂದರ್ಭ ಒಂದೇ ಒಂದು. ಹನ್ನೆರಡು ವರ್ಷದ ಮಗನನ್ನು ಮೂರು ದಿನ ಹುಡುಕಿದ ಮರಿಯ ಮತ್ತು ಜೋಸೆಫರು ಜೆರುಸಲೇಮಿನ ದೇವಾಲಯದಲ್ಲಿ ಅವನನ್ನು ಕಂಡರು. ತಾಯಿ ತನ್ನ ಆತಂಕವನ್ನು ಮುಚ್ಚಿಡಲಿಲ್ಲ. ನಮ್ಮನ್ನು ಹೀಗೇಕೆ ನೋಯಿಸಿದೆ ಎಂದು ನೇರವಾಗಿ ಕೇಳಿದರು. ಮಗ ಕೊಟ್ಟ ಉತ್ತರ ಅವರಿಬ್ಬರಿಗೂ ಅರ್ಥವಾಗಲಿಲ್ಲವೆಂದು ಲೂಕ ಬರೆಯುತ್ತಾನೆ. ಅರ್ಥವಾಗದ ಉತ್ತರವನ್ನೂ ಆ ತಾಯಿ ಮನದಲ್ಲಿಟ್ಟುಕೊಂಡರು. ಮಗ ಅವರೊಡನೆ ನಜರೇತಿಗೆ ಹಿಂದಿರುಗಿ ವಿಧೇಯನಾಗಿದ್ದ. ನೇರವಾಗಿ ಕೇಳುವುದು, ಉತ್ತರವನ್ನು ಕೇಳಿಸಿಕೊಳ್ಳುವುದು, ಜೊತೆಯಲ್ಲಿ ಮನೆಗೆ ಹೋಗುವುದು. ಮಗುವಿನ ಅಂಕ ನೋಡುವ ಹೆತ್ತವರಿಗೆ ಇದಕ್ಕಿಂತ ಹೆಚ್ಚಿನ ವಿಧಾನವನ್ನು ನಾನು ಅರಿಯೆ.

ಆ ತಾಯಿಗೆ ನಾನು ಇಷ್ಟೆಲ್ಲ ಹೇಳಲಿಲ್ಲ. "ಅವನ ಪ್ರಶ್ನೆಗೆ ಉತ್ತರ ಇಲ್ಲವೆಂದು ಅವನಿಗೇ ಹೇಳಿಬಿಡಿ ಅಮ್ಮ" ಎಂದೆ. ಎರಡು ವಾರದ ನಂತರ ಅವರು ಮತ್ತೆ ಸಿಕ್ಕಿದರು. ಮೂರು ದಿನ ಗೊತ್ತಿದ್ದೂ ಕೇಳಿದ್ದು ತಪ್ಪಾಯಿತೆಂದು ಮಗನಿಗೆ ಹೇಳಿದರಂತೆ. ಅವನು ಏನೂ ಮಾತನಾಡಲಿಲ್ಲ. ರಾತ್ರಿ ಅಡುಗೆಮನೆಯ ಕಟ್ಟೆಯ ಮೇಲೆ ಮಡಚಿದ ಉತ್ತರ ಪತ್ರಿಕೆಯೊಂದನ್ನು ಇಟ್ಟು ಹೋಗಿದ್ದನಂತೆ. ಮುಂದಿನ ಕಿರುಪರೀಕ್ಷೆಯಲ್ಲಿ ಅವನಿಗೆ ಬಂದದ್ದು 25ಕ್ಕೆ 11. ಸಂದೇಶ ಮಧ್ಯಾಹ್ನವೇ ಬಂದಿತ್ತು. ತಾಯಿ ಅದನ್ನು ತೆರೆಯಲಿಲ್ಲ. ಸಂಜೆ ಮಗ ಚೀಲ ಇಳಿಸುವ ಮೊದಲೇ, "ಹನ್ನೊಂದು ಅಮ್ಮ" ಎಂದನಂತೆ.

ನನ್ನ ಅಪ್ಪ ಈಗಿಲ್ಲ. ಏಳನೆಯ ತರಗತಿಯ ಆ ಪ್ರಗತಿ ಪತ್ರವೂ ಉಳಿದಿಲ್ಲ. ಅದರ ನಂತರದ ಪ್ರತಿಯೊಂದು ಪತ್ರವನ್ನೂ ನಾನು ದೀಪದ ಮುಂದೆ ಕುಳಿತು ಓದಿ ಹೇಳಿದ ಮೇಲೆಯೇ ಅವರು ಹೆಬ್ಬೆಟ್ಟು ಒತ್ತಿದರು. ಒಳ್ಳೆಯ ಅಂಕಗಳೂ ಇದ್ದವು, ಕೆಟ್ಟವೂ ಇದ್ದವು. ಓದುವಾಗ ನನ್ನ ದನಿ ಮತ್ತೆ ಅಡಗಲಿಲ್ಲ.